ಯಾವ ಸಿನಿಮಾದ ಮಾತು

ನ್ಯಾಮತಿ
ಗುರುವಾರ, 13 ನವೆಂಬರ್ 2025

ಅಕ್ಕ ಉಷಾರಾಣಿಯವರಿಗೆ,

ನ್ಯಾಮತಿಯಿಂದ ಜಹಾನಾರಾ ಮಾಡುವ ಸಲಾಮು. ದೇವರು ನಿಮ್ಮನ್ನು ಚೆನ್ನಾಗಿಟ್ಟಿರಲಿ.

ಇವತ್ತು ನನಗೆ ರೋಜಾ. ರಂಜಾನಿನಲ್ಲಿ ಆಸ್ಪತ್ರೆಗೆ ಓಡಾಡುತ್ತಾ ಬಿಟ್ಟುಹೋದ ಉಪವಾಸಗಳನ್ನು ಗುರುವಾರಕ್ಕೊಂದರಂತೆ ತೀರಿಸುತ್ತಿದ್ದೇನೆ. ಬೆಳಗಿನ ಜಾವ ಎದ್ದು ರೊಟ್ಟಿ ತಿಂದು ನೀರು ಕುಡಿದು ನಮಾಜು ಮುಗಿಸಿದೆ. ನಲ್ಲಿ ಬರುವ ದಿನವೂ ಇವತ್ತೇ. ಡ್ರಮ್ಮು, ಕೊಡ, ಬಕೆಟ್ಟು ತುಂಬಿಸಿ, ಬಾಗಿಲ ಮುಂದೆ ಗುಡಿಸಿ, ನಮ್ಮವರನ್ನು ಎಬ್ಬಿಸಿ ಮೈ ಒರೆಸಿ, ಗಂಜಿ ಕುಡಿಸಿ, ಗಡ್ಡ ತೆಗೆದು ಕಿಟಕಿ ಪಕ್ಕ ಕೂರಿಸಿದ್ದೇನೆ. ಬಿಸಿಲು ಮುಖದ ಮೇಲೆ ಬೀಳಬೇಕು ಅವರಿಗೆ, ಇಲ್ಲದಿದ್ದರೆ ಗೊಣಗುತ್ತಾರೆ. ಈಗ ಸ್ವಲ್ಪ ಹೊತ್ತು ಸಿಕ್ಕಿದೆ. ಅಷ್ಟರಲ್ಲಿ ಈ ಪತ್ರ ಬರೆದು ಮುಗಿಸಬೇಕು.

ನಾನು ಯಾರೆಂದು ನಿಮಗೆ ನೆನಪಿದೆಯೋ ಇಲ್ಲವೋ. ನಾನು ಬುಡನ್‌ಸಾಬರ ಹೆಂಡತಿ. ಸಿನಿಮಾದಲ್ಲಿ ಎಷ್ಟೋ ಸಲ ನೀವು ಅವರ ಹೆಂಡತಿಯಾಗಿದ್ದೀರಿ. ಊರಲ್ಲಿ ಇರುವವಳು ನಾನು.

ನಿಮ್ಮನ್ನು ನಾನು ಒಮ್ಮೆ ನೋಡಿದ್ದೇನೆ. ಜಗಳೂರಿನ ಹತ್ತಿರ ಶೂಟಿಂಗ್ ಇತ್ತು, ಶೇಂಗಾ ಕಿತ್ತಾದ ಹೊಲದಲ್ಲಿ. ಅವರದು ಕುರಿ ಕಾಯುವವನ ಪಾತ್ರ, ನಿಮ್ಮದು ಅವನ ಹೆಂಡತಿಯದು. ನಾನು ಆಗ ಬಸುರಿ. ನನ್ನನ್ನು ಶೂಟಿಂಗಿಗೆ ಕರೆದುಕೊಂಡು ಹೋಗಿದ್ದು ಅದೊಂದೇ ಸಲ. ನೆರಳು ಅಂತ ಒಂದು ಗಿಡ ಇರಲಿಲ್ಲ. ನೀವು ನಿಮ್ಮ ಕುರ್ಚಿಯಲ್ಲಿ ನನ್ನನ್ನು ಕೂರಿಸಿ, ನಿಮ್ಮ ನೇರಳೆ ಬಣ್ಣದ ಛತ್ರಿ ಕೊಟ್ಟಿರಿ. "ಬಸುರಿ ಹೆಂಗಸು ಬಿಸಿಲಲ್ಲಿ ನಿಲ್ಬಾರದಮ್ಮ, ಹಿಡ್ಕೋ" ಎಂದಿರಿ. ಸಂಜೆ ಕೊಡಲು ಬಂದರೆ ನಿಮ್ಮ ಕಾರು ಹೋಗಿತ್ತು. ಆ ಛತ್ರಿ ಇನ್ನೂ ಇದೆ. ಒಂದು ಕಡ್ಡಿ ಮುರಿದಿದೆ, ಅಷ್ಟೇ. ಹೊಟ್ಟೆಯಲ್ಲಿದ್ದವಳು ಆಸ್ಮಾ. ಈಗ ಹೊನ್ನಾಳಿಯಲ್ಲಿ ಸಂಸಾರ ಮಾಡಿಕೊಂಡಿದ್ದಾಳೆ, ತಿಂಗಳಿಗೊಮ್ಮೆ ಬಂದು ಹೋಗುತ್ತಾಳೆ.

ಅವತ್ತು ನಾನು ಇನ್ನೊಂದು ನೋಡಿದೆ. ಅವರು ಕುರಿ ಮಾರಿ ಬಂದು ಕೂರುತ್ತಾರೆ, ನೀವು ಸೆರಗಿನಿಂದ ಅವರ ಹಣೆ ಒರೆಸುತ್ತೀರಿ. ಅವರು ನಮ್ಮ ಕಡೆಯ ಮಾತಿನಲ್ಲೇ, "ಮಾರಾಕೆ ಮನಸ್ಸು ಬರ್ಲಿಲ್ಲ ಕಣೇ, ಒಂದು ಮರಿ ಉಳಿಸ್ಕಂಡೀನಿ" ಎಂದರು. ಡೈರೆಕ್ಟರು ನಕ್ಕು, "ಏನು ಸ್ವಾಮಿ ನಿಮ್ಮ ಭಾಷೆ! ಇರಲಿ ಬಿಡಿ, ಡಬ್ಬಿಂಗಲ್ಲಿ ಸರಿ ಮಾಡ್ತೀವಿ" ಎಂದರು. ಮುಂದೆ ಆ ಸಿನಿಮಾ ಬಂದಾಗ ಅವರ ಬಾಯಿ ಆಡುತ್ತಿತ್ತು, ದನಿ ಬೇರೆ ಯಾರದೋ. ಮಾತೂ ಬೇರೆ. ಅವರ ಎಲ್ಲ ಸಿನಿಮಾದಲ್ಲೂ ಹಾಗೇ ಆಯಿತು ಎಂದು ನಿಮಗೆ ನಾನು ಹೇಳಬೇಕಾಗಿಲ್ಲ. ಅವರ ಎದುರು ನಿಂತು ಅವರ ಸ್ವಂತ ದನಿ ಕೇಳಿದವರು ನೀವು. ಅದಕ್ಕೇ ನಿಮಗೆ ಬರೆಯುತ್ತಿದ್ದೇನೆ.

ಮಾರ್ಚಿನಲ್ಲಿ ಅವರಿಗೆ ಬೆಂಗಳೂರಿನ ರೂಮಿನಲ್ಲಿ ಲಕ್ವಾ ಹೊಡೆಯಿತು. ನಿಮಗೆ ಗೊತ್ತಿರುತ್ತದೆ. ಯಾರೋ ಒಬ್ಬ ಹೆಂಗಸು ಫೋನು ಮಾಡಿ, ಆಸ್ಪತ್ರೆಯ ಹೆಸರು ಹೇಳಿ, "ಬೇಗ ಬನ್ನಿ, ನಿಮ್ಮವರು ನಿಮ್ಮ ಕೈಗೆ ಸೇರಬೇಕು" ಎಂದು ಇಟ್ಟುಬಿಟ್ಟರು. ಯಾರೆಂದು ಕೇಳುವ ಹೊತ್ತಲ್ಲ ಅದು. ಆಸ್ಪತ್ರೆಯಿಂದ ಮನೆಗೆ ಬಂದ ಮೇಲೆ ಅವರ ಬ್ಯಾಗು ಬಿಚ್ಚಿದೆ. ಲುಂಗಿ, ಬನಿಯನ್ನು, ಅಂಗಿ ಎಲ್ಲ ಒಗೆದು ಮಡಿಸಿ ಇಟ್ಟಿದ್ದವು. ಗಂಡಸು ಮಡಿಸಿದ ಮಡಿಕೆಯಲ್ಲ ಅದು. ಆ ಪುಣ್ಯಾತ್ಮಳು ಯಾರೇ ಆಗಿರಲಿ, ಅವಳಿಗಾಗಿ ನಾನು ದುವಾ ಮಾಡಿದ್ದೇನೆ. ಈಗಲೂ ಮಾಡುತ್ತೇನೆ.

ಬಲಗೈ ಬಲಗಾಲು ಬರುವುದಿಲ್ಲ. ಮಾತು ಬರುತ್ತದೆ. ಆದರೆ ಮನೆಮಾತು ಹೋಗಿಬಿಟ್ಟಿದೆ. ನಾವು ಮನೆಯಲ್ಲಿ ಉರ್ದು ಆಡುವವರು. ನಿಕಾಹ್ ಆದಾಗಿನಿಂದ ಅವರು ನನ್ನನ್ನು ಬೈದದ್ದೂ ಕರೆದದ್ದೂ ಅದರಲ್ಲೇ. ಈಗ ನಾನು ಉರ್ದುವಿನಲ್ಲಿ ಮಾತಾಡಿದರೆ ಪರವೂರಿನವರನ್ನು ನೋಡಿದ ಹಾಗೆ ನೋಡುತ್ತಾರೆ. ಹಿಂಗೂ ಆಗುತ್ತದೆ, ಯಾವುದು ಉಳಿಯುತ್ತದೋ ಹೇಳಾಕೆ ಬರಲ್ಲ ಎಂದು ಡಾಕ್ಟರು ಹೇಳಿದರು. ಅವರಿಗೆ ಉಳಿದಿರುವುದು ಸಿನಿಮಾದ ಮಾತು.

ಗಂಜಿ ಬಟ್ಟಲು ಮುಂದೆ ಹಿಡಿದರೆ, "ಈ ಮನೆಯ ಅನ್ನದ ಋಣ ಇಂದಿಗೆ ತೀರಿತು ಯಜಮಾನರೇ!" ಎನ್ನುತ್ತಾರೆ. ಎಂದು ಪೂರಾ ಗಂಜಿ ಕುಡಿಯುತ್ತಾರೆ. ಮಾತ್ರೆ ಕೊಟ್ಟರೆ, "ಇನ್‌ಸ್ಪೆಕ್ಟರ್ ಸಾಹೇಬರೇ, ನನ್ನ ಮಗ ನಿರಪರಾಧಿ." ಗಡ್ಡಕ್ಕೆ ಸೋಪು ಹಚ್ಚಿದರೆ ಗಲ್ಲ ಎತ್ತಿ ಕಣ್ಣು ಮುಚ್ಚಿ, "ಶಾಟ್ ರೆಡಿನಾ?" ಎಂದು ಕೇಳುತ್ತಾರೆ. ಮೊದಮೊದಲು ನನಗೆ ಅಳು ಬರುತ್ತಿತ್ತು. ಈಗ ನಾನೂ, "ರೆಡಿ ಆಗ್ತೈತೆ, ಅಲ್ಲಾಡಬೇಡ್ರಿ" ಎನ್ನುತ್ತೇನೆ. ಅಲ್ಲಾಡುವುದಿಲ್ಲ. ಮೇಕಪ್ಪಿನವರು ಇವರನ್ನು ಮೆಚ್ಚುತ್ತಿದ್ದರೆಂದು ಅವರು ಹೇಳಿದ್ದು ನಿಜವೇ ಇರಬೇಕು.

ನಮ್ಮ ಪಕ್ಕದ ಮನೆ ಗಿಡ್ಡಮ್ಮನ ವಿಷಯ ನಿಮಗೆ ಹೇಳಲೇಬೇಕು. ಓಣಿಯ ಮೂಲೆಯಲ್ಲಿ ಮಂಡಕ್ಕಿ ಮೆಣಸಿನಕಾಯಿ ಅಂಗಡಿ ಅವಳದು. ಅಂಗಡಿಯಲ್ಲಿ ಒಂದು ಟೀವಿ ಇದೆ, ಅದರಲ್ಲಿ ಹಳೆ ಸಿನಿಮಾ ಬಿಟ್ಟು ಇನ್ನೊಂದು ಬಂದದ್ದನ್ನು ನಾನು ಕಂಡಿಲ್ಲ. ಅವರು ಬಾಯಿ ಬಿಟ್ಟರೆ ಸಾಕು, ಅವಳು ಗೋಡೆಯ ಆ ಕಡೆಯಿಂದ ಕೂಗುತ್ತಾಳೆ. "ಏ ಜಾನಕ್ಕ, ಅದು ಗೌಡ್ರ ಮನೆ ಪಿಚ್ಚರ್‌ದು! ಹಗ್ಗ ತಗಂಡು ಹೋಗ್ತಾನಲ್ಲ ನಿನ್ ಗಂಡ, ಅಲ್ಲಿದ್ದು." "ಇದು ಜೈಲಿಂದು. ಇಂಟರ್‌ವಲ್‌ಗೆ ಮೊದ್ಲೇ ಸಾಯ್ತಾನೆ ನೋಡು." ಅವಳಿಗೆ ಗೊತ್ತಿಲ್ಲದ ಮಾತು ಅವರ ಬಾಯಲ್ಲಿ ಬರುವುದೇ ಇಲ್ಲ ಎಂದುಕೊಂಡಿದ್ದೆ. ಒಮ್ಮೆ ಕೇಳಿಯೇಬಿಟ್ಟಳು: "ಎಲ್ಲ ಪಿಚ್ಚರ್‌ನಾಗೂ ಸಾಯೋನೇ ಆದ್ನಲ್ಲೇ ಇವ್ನು. ನಿಂಗೆ ಹೆದ್ರಿಕೆ ಆಗ್ತಿರ್ಲಿಲ್ವಾ?"

ಆಗುತ್ತಿತ್ತು ಅಕ್ಕ. ಅವರು ಸಿನಿಮಾದಲ್ಲಿ ಸತ್ತಾಗಲೆಲ್ಲ ಮಾರನೇ ದಿನ ನಾನು ಒಂದು ಸೇರು ಅಕ್ಕಿ ಸದಕಾ ಅಂತ ದಾನ ಕೊಡುತ್ತಿದ್ದೆ. ತಲೆಗೆ ಬಂದದ್ದು ಅಕ್ಕಿಯಲ್ಲಿ ಹೋಗಲಿ ಅಂತ. ಮಸೀದಿ ಹತ್ತಿರ ಕೂರುವ ಮುದುಕಿ ಚೀಲ ಬಿಚ್ಚಿ ಹಿಡಿದು, "ಈ ಸಲ ಹೆಂಗೆ, ಗುಂಡೇಟಾ, ಹೊಳೆಯಾ?" ಎಂದು ಕೇಳುತ್ತಿದ್ದಳು. ಸಿನಿಮಾ ಒಂದೇ ಆದರೂ ಟೀವಿಯಲ್ಲಿ ಮತ್ತೆ ಹಾಕುತ್ತಾರಲ್ಲ, ಆಗಲೂ ಕೊಟ್ಟೆ.

ಅವರು ಮೊದಲು ನಾಟಕ ಕಂಪನಿಯಲ್ಲಿದ್ದರು. ಹೊನ್ನಾಳಿಯಲ್ಲಿ ಕ್ಯಾಂಪು ಇದ್ದಾಗ ನಮ್ಮ ನಿಕಾಹ್ ಗೊತ್ತಾಯಿತು. ನನ್ನ ತವರು ಕೆರೆಬಿಳಚಿಯಲ್ಲಿ ನಮ್ಮ ತಂದೆಯವರನ್ನು ಜನ ಕೆಣಕಿದರು. "ಬಣ್ಣ ಹಚ್ಚೋನಿಗೆ ಕೊಡ್ತೀಯೇನೋ ಮಗಳನ್ನ? ಮುಖ ತೊಳೆದ್ರೆ ಅಳಿಯ ಯಾರು ಅಂತ ನಿಂಗೇ ಗೊತ್ತಾಗಲ್ಲ." ತಂದೆಯವರು, "ತೊಳೆದ ಮುಖಾನೂ ನೋಡೀನಿ, ಹುಡುಗ ಒಳ್ಳೆಯವನು" ಎಂದು ಕೊಟ್ಟರು. ಒಳ್ಳೆಯವರೇ. ಬೀಡಿ ಕುಡಿಯಲಿಲ್ಲ, ನನ್ನ ಮೇಲೆ ಕೈ ಎತ್ತಲಿಲ್ಲ. ಪೂಜಾರಿ ಪಾತ್ರಕ್ಕೆ ಮಂತ್ರ ಬಾಯಿಪಾಠ ಮಾಡಿದ ದಿನವೂ ನಮಾಜು ತಪ್ಪಿಸಲಿಲ್ಲ.

ಮೊದಲ ಸಿನಿಮಾ ಚನ್ನಗಿರಿಯ ಟಾಕೀಸಿನಲ್ಲಿ ನೋಡಿದೆವು. ನಾನು ಹೊಸ ಮದುವಣಗಿತ್ತಿ, ಬುರ್ಖಾದೊಳಗೆ ಬೆವರು. ಶುರುವಿಗೆ ಹೆಸರುಗಳು ಬಂದವು. ನಾನು ಒಂದೊಂದನ್ನೂ ಓದಿದೆ. ನನಗೆ ಏಳನೇ ಕ್ಲಾಸಿನವರೆಗೆ ಕನ್ನಡ ಶಾಲೆ, ಓದು ಬೇಗ ಬರುತ್ತದೆ. ಅವರ ಹೆಸರು ಬರಲೇ ಇಲ್ಲ. ಕೊನೆಗೆ 'ಮತ್ತು ಇತರರು' ಅಂತ ಬಂತು. ಅವರು ನನ್ನ ಮೊಣಕೈ ತಿವಿದು, "ನೋಡು ನೋಡು, ಅದೇ ನಾನು" ಎಂದರು. ನಾನು ನಗಾಡಿದೆ. ಆಮೇಲೆ ಇಷ್ಟು ವರ್ಷ ಮನೆಗೆ ಬಂದಾಗಲೆಲ್ಲ ಬಾಗಿಲು ಬಡಿದರೆ ನಾನು ಒಳಗಿನಿಂದ ಯಾರು ಎನ್ನುತ್ತಿದ್ದೆ, ಅವರು ಹೊರಗಿನಿಂದ "ಮತ್ತು ಇತರರು" ಎನ್ನುತ್ತಿದ್ದರು. ನಮ್ಮಿಬ್ಬರ ತಮಾಷೆ ಅದೊಂದೇ.

ಬರುತ್ತಿದ್ದುದು ಕಡಿಮೆ. ಬಕ್ರೀದಿಗೆ, ರಂಜಾನಿಗೆ, ಇಲ್ಲ ಕೈಯಲ್ಲಿ ಪಾತ್ರ ಇಲ್ಲದಾಗ. ಬಂದವರು ಬಟ್ಟೆ ಬ್ಯಾಗಿನಿಂದ ಪೂರ್ತಿ ತೆಗೆಯುತ್ತಲೂ ಇರಲಿಲ್ಲ. ಯಾವಾಗ ಫೋನು ಬರುತ್ತದೋ ಎಂದು ಸೋಡಾ ಅಂಗಡಿಯ ಫೋನಿನ ಕಡೆ ಕಿವಿ. ಆಮೇಲೆ ಮೊಬೈಲು ಬಂತು, ಕೈಯಲ್ಲೇ ಹಿಡಿದು ಕೂರುತ್ತಿದ್ದರು. ನಾನು ಬೆಂಗಳೂರಿಗೆ ಬರುತ್ತೇನೆಂದು ಕೇಳಿದ್ದುಂಟು. "ಎಲ್ಲರೂ ಗಂಡಸರೇ ಇರೋ ರೂಮು, ನೀನು ಎಲ್ಲಿರ್ತೀ" ಎಂದರು. ಎರಡನೇ ಸಲ ಕೇಳಲಿಲ್ಲ. ಅವರು ಹೋಗುವಾಗ ಬಾಗಿಲಲ್ಲಿ ನಿಲ್ಲುತ್ತಿದ್ದೆ, ಬರುವ ದಿನ ಬಾಗಿಲಲ್ಲಿ ನಿಲ್ಲುತ್ತಿದ್ದೆ. ಮಧ್ಯದ ದಿನಗಳಲ್ಲಿ ಬೀಡಿ ಕಟ್ಟಿದೆ, ಮಗಳನ್ನು ಬೆಳೆಸಿದೆ. ದೂರು ಹೇಳುತ್ತಿಲ್ಲ. ದೇವರು ಇಟ್ಟ ಹಾಗೆ ಇದ್ದೆ.

ಈಗ ವಿಷಯಕ್ಕೆ ಬರುತ್ತೇನೆ.

ಹಿಂದಿನ ಗುರುವಾರವೂ ನನಗೆ ರೋಜಾ. ಸಂಜೆ ಖರ್ಜೂರ, ನೀರು ಬಟ್ಟಲಲ್ಲಿಟ್ಟು, ಅಜಾನ್ ಕೇಳಿಸಲೆಂದು ಹೊಸ್ತಿಲಲ್ಲಿ ನಿಂತಿದ್ದೆ. ಹೊರಗೆ ಇನ್ನೂ ಬೆಳಕು, ಒಳಗೆ ಮಬ್ಬು. ಅವರು ಮಂಚದ ಮೇಲೆ ಒರಗಿ ನನ್ನ ಕಡೆಯೇ ನೋಡುತ್ತಿದ್ದರು. ಇದ್ದಕ್ಕಿದ್ದಂತೆ ಮಾತಾಡಿದರು. ಸಿನಿಮಾದ ಕನ್ನಡ ಅಲ್ಲ, ನಮ್ಮ ನ್ಯಾಮತಿಯ ಕನ್ನಡ. ದನಿಯೂ ಅವರದೇ.

"ಎಷ್ಟೊತ್ತಂತ ಬಾಗ್ಲಾಗೆ ನಿಂತಿರ್ತೀಯೇ, ಒಳಗೆ ಬಾ. ನಾನು ಬಂದೀನಲ್ಲ" ಎಂದರು.

ಎಂದು ಎಡಗೈ ಚಾಚಿದರು.

ನಾನು ಹೋಗಿ ಪಕ್ಕದಲ್ಲಿ ಕೂತೆ. ಕೈ ಹಿಡಿದುಕೊಂಡರು. ಹೀಗೆ ಅವರು ಕೈ ಹಿಡಿದದ್ದು ನನಗೆ ನೆನಪಿಲ್ಲ. ಅಜಾನ್ ಆಯಿತು. ರೋಜಾ ಬಿಡುವುದಕ್ಕೆ ತಡ ಮಾಡಬಾರದು, ನನಗೆ ಗೊತ್ತು. ಆದರೂ ಖರ್ಜೂರ ಬಟ್ಟಲಲ್ಲೇ ಇತ್ತು. ಅವರು ನಿದ್ದೆ ಹೋಗಿ ಬೆರಳು ಸಡಿಲವಾದ ಮೇಲೆಯೇ ಎದ್ದೆ.

ಮಾರನೇ ದಿನ ಗಿಡ್ಡಮ್ಮನನ್ನು ಕೇಳಿದೆ, ಇದು ಯಾವ ಪಿಚ್ಚರಿನ ಮಾತು ಅಂತ. ಅವಳು ಮಂಡಕ್ಕಿ ಕಲಸುವುದನ್ನು ನಿಲ್ಲಿಸಿ ಯೋಚಿಸಿದಳು. "ಇಲ್ಲ ಬಿಡೇ, ಇದು ನಾ ಕೇಳಿಲ್ಲ. ಹಿಂಗೆ ನಮ್ಮಂಗೆ ಮಾತಾಡಾಕೆ ಯಾವ್ ಪಿಚ್ಚರ್‌ನಾಗೆ ಬಿಟ್ಟಾರೆ ಅವನ್ನ? ನಿಂಗೇ ಹೇಳ್ಯಾನೆ ಕಣೇ!" ಎಂದು ನನ್ನ ಭುಜಕ್ಕೆ ಒಂದು ಕೊಟ್ಟಳು. ಅಂಗಡಿಯಲ್ಲಿದ್ದ ಗಿರಾಕಿಗಳಿಗೆಲ್ಲ ಹೇಳಿದಳು. "ನೋಡ್ರಿ, ಈ ವಯಸ್ಸಿನಾಗೆ ಜಾನಕ್ಕನ ಗಂಡ ಒಳಗೆ ಬಾ ಅಂತಾನಂತೆ!" ನಾನು ಸೆರಗು ಎಳೆದುಕೊಂಡು ಮನೆಗೆ ಓಡಿದೆ.

ಭಾನುವಾರ ಆಸ್ಮಾ ಬಂದಳು. ಅವಳಿಗೂ ಹೇಳಿದೆ. ಅವಳು, "ಅಮ್ಮಿ, ಶೂಟಿಂಗಲ್ಲಿ ಅಬ್ಬಾ ಹೀಗೇ ಮಾತಾಡ್ತಿದ್ರು ಅಂತ ನೀನೇ ಹೇಳಿದ್ದೆಯಲ್ಲ. ಡಬ್ಬಿಂಗಲ್ಲಿ ಬದಲಾಯಿಸಿರ್ತಾರೆ. ಗಿಡ್ಡಮ್ಮಂಗೆ ಗೊತ್ತಿರೋದು ಬದಲಾಯಿಸಿದ ಮಾತು" ಎಂದಳು. ನನ್ನ ಮುಖ ನೋಡಿ, "ಯಾವುದಾದರೇನು, ನಿಂಗೆ ಅಂದರು ಅಂತ ಇಟ್ಕೋ" ಎಂದಳು. ಮಕ್ಕಳು ಸಮಾಧಾನ ಹೇಳುವಾಗ ನಮ್ಮನ್ನು ಮಕ್ಕಳ ಹಾಗೆ ಮಾಡಿಬಿಡುತ್ತಾರೆ.

ಹಾಗೆ ಇಟ್ಟುಕೊಳ್ಳಲು ನನ್ನಿಂದ ಆಗುತ್ತಿಲ್ಲ. ಅಂದಿನಿಂದ ನಮಾಜಿನಲ್ಲೂ ಅದೇ. ಸಜ್ದಾಕ್ಕೆ ಹಣೆ ಇಟ್ಟರೆ ಆ ಮಾತು ಕೇಳುತ್ತದೆ. ದಿನಾ ಸಂಜೆ ಹೊಸ್ತಿಲಲ್ಲಿ ಹೋಗಿ ನಿಲ್ಲುತ್ತೇನೆ, ಇನ್ನೊಮ್ಮೆ ಹೇಳುತ್ತಾರೇನೋ ಅಂತ. "ಇನ್‌ಸ್ಪೆಕ್ಟರ್ ಸಾಹೇಬರೇ" ಎನ್ನುತ್ತಾರೆ. ನಾನು ಒಳಗೆ ಬಂದು ದೀಪ ಹಾಕುತ್ತೇನೆ.

ನೀವು ಅವರ ಹೆಂಡತಿಯಾಗಿ ಮಾಡಿದ ಯಾವುದಾದರೂ ಸಿನಿಮಾದಲ್ಲಿ, ಬಾಗಿಲಲ್ಲಿ ನೀವು ನಿಂತಿದ್ದು, ಅವರು ಒಳಗೆ ಕೂತು ಈ ಮಾತು ಹೇಳುವುದು ಇತ್ತೇ? ಡಬ್ಬಿಂಗಿಗೆ ಮುಂಚೆ, ಕ್ಯಾಮೆರಾದ ಮುಂದೆ ಅವರು ಹೇಳಿದ್ದು? ಆಮೇಲೆ ಕತ್ತರಿಸಿ ಬಿಸಾಕಿದ್ದಾದರೂ ಸರಿ. ಇದ್ದರೆ ಇತ್ತು ಎನ್ನಿ, ಇಲ್ಲದಿದ್ದರೆ ಇಲ್ಲ ಎನ್ನಿ. ನನಗೆ ಬೇಕಾಗಿರುವುದು ಇಷ್ಟೇ. ನನ್ನ ಮನಸ್ಸು ನೋಯುತ್ತದೆಂದು ಸುಳ್ಳು ಬರೆಯಬೇಡಿ. ನಾನು ಉಪವಾಸದಲ್ಲಿ ಕೂತು ಕೇಳುತ್ತಿದ್ದೇನೆ.

ಕಲಾವಿದರ ಸಂಘದ ವೆಂಕಟೇಶ್ ಎಂಬುವರು ನಿಮ್ಮ ವಿಳಾಸ ಕೊಟ್ಟರು. ಫೋನ್ ನಂಬರೂ ಕೊಡುತ್ತೇನೆಂದರು, ನಾನೇ ಬೇಡವೆಂದೆ. ನಮ್ಮದು ಒಂದೇ ಕೋಣೆ, ಅವರ ಎದುರಿಗೆ ಕೇಳುವ ಮಾತಲ್ಲ ಇದು. ಫೋನಿನಲ್ಲಾದರೆ ಕೇಳಿದ ತಕ್ಷಣ ಉತ್ತರ ಬಂದುಬಿಡುತ್ತದೆ. ಪತ್ರವಾದರೆ ಹೋಗಿ ಬರುವ ತನಕ ಒಂದಿಷ್ಟು ದಿನ ಸಿಗುತ್ತದೆ. ನಿಮ್ಮ ದನಿ ಕೇಳಲು ನನಗೆ ಧೈರ್ಯವಿಲ್ಲ ಎಂದೂ ಇಟ್ಟುಕೊಳ್ಳಿ.

ನಿಮಗೂ ಈಗ ಪಾತ್ರಗಳು ಬರುತ್ತಿಲ್ಲ, ಒಬ್ಬರೇ ಇದ್ದೀರಿ ಎಂದು ವೆಂಕಟೇಶ್ ಹೇಳಿದರು. ಮಂಡಿ ನೋವು ಎಂದೂ ಹೇಳಿದರು. ಎಳ್ಳೆಣ್ಣೆ ಬಿಸಿ ಮಾಡಿ ಹಚ್ಚಿಕೊಳ್ಳಿ.

ನಮ್ಮ ಓಣಿಯೊಳಕ್ಕೆ ಪೋಸ್ಟ್‌ಮ್ಯಾನ್ ಬರುವುದಿಲ್ಲ. ಮೂಲೆಯ ಅಂಗಡಿಯಲ್ಲಿ ಎಲ್ಲರ ಕಾಗದ ಇಟ್ಟು ಹೋಗುತ್ತಾನೆ. ಆದ್ದರಿಂದ ಮೇಲೆ ನನ್ನ ಹೆಸರು ಬರೆದು, ಕೆಳಗೆ ಗಿಡ್ಡಮ್ಮನವರ ಮಂಡಕ್ಕಿ ಅಂಗಡಿ ಎಂದು ಬರೆಯಿರಿ. ಅವಳಿಗೆ ಓದು ಬರುವುದಿಲ್ಲ, ಅದೇ ಅನುಕೂಲ. ಬಂದ ದಿನವೇ ತಂದುಕೊಡು ಎಂದು ಅವಳಿಗೆ ಹೇಳಿಟ್ಟಿದ್ದೇನೆ.

ಬಿಸಿಲು ಕಿಟಕಿಯಿಂದ ಸರಿಯಿತು, ಅವರು ಗೊಣಗುತ್ತಿದ್ದಾರೆ. ಮಂಚ ಸರಿಸಬೇಕು.

ನಿಮ್ಮ ತಂಗಿಯಂತಿರುವ,
ಜಹಾನಾರಾ

ಮರೆತ ಮಾತು: ಮರೆತದ್ದಲ್ಲ. ಮೇಲೆ ಬರೆಯಲು ಕೈ ಬರಲಿಲ್ಲ. ಗಿಡ್ಡಮ್ಮನಿಗೂ ಆಸ್ಮಾಳಿಗೂ ಹೇಳಿಲ್ಲ. ಆ ಮಾತು ಆಡುವ ಮೊದಲು ಅವರು ಹೆಸರು ಹಿಡಿದು ಕರೆದರು. "ಉಷಾ, ಎಷ್ಟೊತ್ತಂತ ಬಾಗ್ಲಾಗೆ ನಿಂತಿರ್ತೀಯೇ" ಎಂದರು. ನಾನು ಉಷಾ ಅಲ್ಲ ಎಂದು ನಾನು ಹೇಳಲಿಲ್ಲ. ಹೋಗಿ ಕೂತೆ.

ಸಿನಿಮಾದಲ್ಲಿ ನಿಮ್ಮ ಹೆಸರು ಬೇರೆ ಏನಾದರೂ ಇರುತ್ತಿತ್ತು, ಗೊತ್ತು. ಆದರೆ ರಿಹರ್ಸಲ್ ಮಾಡುವಾಗ ಒಬ್ಬರನ್ನೊಬ್ಬರು ಸ್ವಂತ ಹೆಸರಿನಿಂದ ಕರೆಯುವುದುಂಟು ಎಂದು ಅವರೇ ಒಮ್ಮೆ ಹೇಳಿದ್ದರು. ಹಾಗಿದ್ದರೆ ಅದು ಸಿನಿಮಾದ ಮಾತೇ. ಹಾಗೇ ಆಗಲಿ ಎಂದು ಈ ಎಂಟು ದಿನವೂ ದೇವರಲ್ಲಿ ಬೇಡಿದ್ದೇನೆ. ಸಿನಿಮಾದ್ದಾದರೆ ಒಂದು ಕಾರ್ಡಿನಲ್ಲಿ ಹೌದು ಎಂದು ಬರೆಯಿರಿ, ಗಿಡ್ಡಮ್ಮ ತಂದುಕೊಡುತ್ತಾಳೆ.

ಅಲ್ಲದಿದ್ದರೆ ಬರೆಯಬೇಡಿ. ಒಮ್ಮೆ ಬಂದು ಹೋಗಿ. ಸಂಜೆ ಹೊತ್ತು ಅವರು ಬಾಗಿಲ ಕಡೆಯೇ ನೋಡುತ್ತಿರುತ್ತಾರೆ. ಶಿವಮೊಗ್ಗದಿಂದ ಬರುವ ಬಸ್ಸುಗಳು ಸ್ಟ್ಯಾಂಡಿನ ಒಳಗೇ ನಿಲ್ಲುತ್ತವೆ. ಬರುವ ದಿನ ಯಾವುದೆಂದು ವೆಂಕಟೇಶ್ ಅವರಿಂದ ನನಗೆ ಫೋನಿನಲ್ಲಿ ಹೇಳಿಸಿದರೆ ಸಾಕು, ನಿಮ್ಮನ್ನು ಕರೆತರಲು ಗಿಡ್ಡಮ್ಮನನ್ನು ಕಳಿಸುವುದಿಲ್ಲ, ನಾನೇ ಬರುತ್ತೇನೆ. ನೇರಳೆ ಛತ್ರಿ ಹಿಡಿದು ನಿಂತಿರುತ್ತೇನೆ, ಗುರುತು ಸಿಗುತ್ತದೆ.